ಹೆಣದ ಜೊತೆ ಫಿರ್ಯಾದನ್ನೂ ಹೂಳಬೇಡಿ



ನಮ್ಮ ಕೂಟದ ಒಬ್ಬ ಅಕ್ಕ ತೀರಿಹೋದ ನಲವತ್ತನೆಯ ದಿನದ ಪ್ರಾರ್ಥನೆ. ಲೈನಿನ ಮುಂದೆ ಚಪ್ಪರ ಹಾಕಿತ್ತು. ಪ್ರಾರ್ಥನೆ ಮುಗಿದು ಕಾಫಿ ಕೊಡುವ ಹೊತ್ತಿಗೆ, ಎಸ್ಟೇಟ್ ಆಫೀಸಿನಿಂದ ಬಂದಿದ್ದ ಒಬ್ಬರು ಆಕೆಯ ಗಂಡನ ಹೆಗಲ ಮೇಲೆ ಕೈಯಿಟ್ಟು, "ನೋಡಪ್ಪಾ, ಕೇಸು ಹಾಕಿದವಳೇ ಹೋದಳು. ಇನ್ನು ಕೇಸು ಎಲ್ಲಿಯದು? ಆಸ್ಪತ್ರೆಯವರು ಮನಸ್ಸು ಮಾಡಿ ಏನೋ ಸ್ವಲ್ಪ ಕೊಡುತ್ತಾರಂತೆ. ಒಂದು ಕಾಗದಕ್ಕೆ ಹೆಬ್ಬೆಟ್ಟು ಒತ್ತಿಬಿಡು" ಎಂದರು. ಪಕ್ಕದಲ್ಲಿ ಕುಳಿತಿದ್ದ ನಮ್ಮದೇ ಸಭೆಯ ಹಿರಿಯರೊಬ್ಬರು ತಲೆಯಾಡಿಸಿ, "ಎಲ್ಲಾ ದೇವರ ಚಿತ್ತ. ಸತ್ತವಳ ಹೆಸರಿನಲ್ಲಿ ದುಡ್ಡು ಕೇಳಬಾರದು" ಎಂದರು.

ಆ ಎರಡು ಮಾತುಗಳಿಗೆ ಉತ್ತರ ಕೊಡಲಿಕ್ಕೆ ಈ ಬರಹ. ಮೊದಲನೆಯದು ಸುಳ್ಳು ಕಾನೂನು. ಎರಡನೆಯದು ಸುಳ್ಳು ವೇದಾಂತ. ಎರಡೂ ಒಂದೇ ಚಪ್ಪರದ ಕೆಳಗೆ ಒಂದೇ ಕೆಲಸಕ್ಕೆ ಬಂದದ್ದೇ ನಮಗೆ ನಾಚಿಕೆಯ ಸಂಗತಿ.

ಅಕ್ಕನ ಕಥೆ ನಮ್ಮ ಓದುಗರಿಗೆ ಹೊಸದಲ್ಲ. ಇಪ್ಪತ್ತು ವರ್ಷ ಸೊಪ್ಪು ಕೊಯ್ದ ಕೈ. ಡಿಸ್ಪೆನ್ಸರಿಯ ಚೀಟಿ ಹಿಡಿದು ಗರ್ಭಕೋಶದ ಆಪರೇಶನ್ನಿಗೆಂದು ದೊಡ್ಡ ಆಸ್ಪತ್ರೆಗೆ ಹೋದಳು. ಅಲ್ಲಿ ಕತ್ತರಿ ಮೂತ್ರನಾಳಕ್ಕೆ ತಾಗಿತು. ಹೊಟ್ಟೆನೋವು, ಜ್ವರ ಎಂದು ಅಳುತ್ತಿದ್ದವಳನ್ನು "ಹಾಗೇ ಇರುತ್ತದೆ, ಸರಿಹೋಗುತ್ತದೆ" ಎಂದು ಮನೆಗೆ ಕಳುಹಿಸಿದರು. ಇನ್ನೊಂದು ಆಸ್ಪತ್ರೆಯಲ್ಲಿ ಗಾಯ ಪತ್ತೆಯಾಗುವಾಗ ಮೂತ್ರಪಿಂಡ ಕೆಟ್ಟಿತ್ತು. ಆಕೆ ಬದುಕಿರುವಾಗಲೇ ಜಿಲ್ಲಾ ಗ್ರಾಹಕರ ಆಯೋಗದಲ್ಲಿ ಫಿರ್ಯಾದು ಕೊಟ್ಟಿದ್ದಳು. ತನ್ನ ನೋವಿಗೆ, ಖರ್ಚಿಗೆ, ತಪ್ಪಿಹೋದ ಕೂಲಿಗೆ ಪರಿಹಾರ ಕೇಳಿದ್ದಳು. ಹದಿನಾಲ್ಕು ತಿಂಗಳು ವಾಯಿದೆ ಮೇಲೆ ವಾಯಿದೆ ಬಿತ್ತು. ಅಷ್ಟರಲ್ಲಿ ಆಕೆ ಹೋದಳು.

ಆಗ ಹೇಳಿದರು: ಕೇಸೂ ಸತ್ತಿತು.

ಸಹೋದರರೇ, ಕೇಸು ಸಾಯಲಿಲ್ಲ. ಗಾಯಗೊಂಡವಳಿಗೆ ಹತ್ತು ರೂಪಾಯಿ ಕೊಡಬೇಕು, ಕೊಂದರೆ ಏನೂ ಕೊಡಬೇಕಾಗಿಲ್ಲ ಎಂಬ ಕಾನೂನು ಇದ್ದರೆ ಅದು ಕಾನೂನಲ್ಲ, ಕಟುಕನ ಲೆಕ್ಕ. ಬ್ರಿಟಿಷರ ಹಳೆಯ ಕಾನೂನಿನಲ್ಲಿ ಅಂಥ ಲೆಕ್ಕ ಇದ್ದದ್ದು ನಿಜ. ಮನುಷ್ಯನ ಸ್ವಂತ ವ್ಯಾಜ್ಯ ಮನುಷ್ಯನೊಂದಿಗೇ ಸಾಯುತ್ತದೆ ಎಂಬುದು ಅಲ್ಲಿನ ಸೂತ್ರ. ರೈಲು ಬಂದ ಮೇಲೆ ಜನ ಗುಂಪುಗುಂಪಾಗಿ ಸಾಯತೊಡಗಿದಾಗ ಈ ಸೂತ್ರದ ಕ್ರೌರ್ಯ ಅವರಿಗೇ ಕಂಡಿತು. 1846ರಲ್ಲಿ ಇಂಗ್ಲೆಂಡಿನಲ್ಲಿ ಬೇರೆ ಕಾಯ್ದೆ ಬಂತು. 1855ರಲ್ಲಿ ನಮ್ಮ ದೇಶಕ್ಕೂ ಅದೇ ಮಾದರಿಯ ಫೇಟಲ್ ಆಕ್ಸಿಡೆಂಟ್ಸ್ ಕಾಯ್ದೆ ಬಂತು. ಒಬ್ಬನ ತಪ್ಪಿನಿಂದ ಇನ್ನೊಬ್ಬನ ಪ್ರಾಣ ಹೋದರೆ, ಸತ್ತವನ ಗಂಡ ಅಥವಾ ಹೆಂಡತಿ, ತಂದೆತಾಯಿ, ಮಕ್ಕಳು, ಇವರ ನಷ್ಟಕ್ಕೆ ತಪ್ಪು ಮಾಡಿದವನು ಪರಿಹಾರ ಕೊಡಬೇಕು ಎಂದು ಅದು ಹೇಳುತ್ತದೆ. ಅಜ್ಜ ಅಜ್ಜಿ, ಮೊಮ್ಮಕ್ಕಳು, ಮಲಮಕ್ಕಳು ಕೂಡ ಅದರೊಳಗೆ ಬರುತ್ತಾರೆ. ನೂರೆಪ್ಪತ್ತು ವರ್ಷ ಹಳೆಯ ಕಾಯ್ದೆ! ಆಫೀಸಿನ ಆ ಮನುಷ್ಯರಿಗೆ ಅದು ಗೊತ್ತಿಲ್ಲವೆಂದರೆ ನಂಬುವುದು ಕಷ್ಟ. ಗೊತ್ತಿದ್ದೂ ಹೇಳಲಿಲ್ಲವೆಂದರೆ ಇನ್ನೂ ಕಷ್ಟ.

ಇಲ್ಲಿ ಎರಡು ಹಕ್ಕುಗಳಿವೆ. ಇವೆರಡನ್ನೂ ಬೇರೆ ಬೇರೆಯಾಗಿ ಮನಸ್ಸಿನಲ್ಲಿಡಬೇಕು.

ಒಂದನೆಯದು ಅಕ್ಕನ ಹಕ್ಕು. ಬದುಕಿರುವಾಗ ಆಕೆ ಪಟ್ಟ ನೋವು, ಮಾಡಿದ ಸಾಲ, ಕಳೆದುಕೊಂಡ ಕೂಲಿ. ಭಾರತೀಯ ಉತ್ತರಾಧಿಕಾರ ಕಾಯ್ದೆಯ 306ನೇ ಸೆಕ್ಷನ್ ಪ್ರಕಾರ, ಆ ಗಾಯವೇ ಸಾವಿಗೆ ಕಾರಣವಾಗಿದ್ದರೆ ಆಕೆಯ ದಾವೆಯ ಹಕ್ಕು ಆಕೆಯೊಂದಿಗೆ ಸಾಯುವುದಿಲ್ಲ, ವಾರಸುದಾರರ ಕೈಗೆ ಬರುತ್ತದೆ. ಎರಡನೆಯದು ಮನೆಯವರ ಸ್ವಂತ ಹಕ್ಕು. ತಾಯಿಯಿಲ್ಲದ ಮಕ್ಕಳ ನಷ್ಟ, ಹೆಂಡತಿಯಿಲ್ಲದ ಮನೆಯ ನಷ್ಟ, ನಿಂತುಹೋದ ಸಂಪಾದನೆಯ ನಷ್ಟ. ಇದು ಆಕೆ ಸತ್ತ ದಿನ ಹುಟ್ಟಿದ ಹಕ್ಕು. ಬದುಕಿರುವಾಗ ಆಕೆ ಬರೆಸಿದ ಫಿರ್ಯಾದಿನಲ್ಲಿ ಇದು ಇರಲು ಸಾಧ್ಯವೇ ಇಲ್ಲ. ಆದ್ದರಿಂದ ಅದನ್ನು ಹೊಸದಾಗಿ ಸೇರಿಸಬೇಕು. ಸೇರಿಸದೆ ಬಿಟ್ಟರೆ, ಕಡೆಗೆ ಆಯೋಗ ನಮ್ಮ ಪಕ್ಷ ತೀರ್ಪು ಕೊಟ್ಟರೂ ಅದು ಗಾಯಕ್ಕೆ ಮಾತ್ರ ಸಿಗುವ ತೀರ್ಪು. ಸಾವಿಗೆ ಬೆಲೆ ಸೊನ್ನೆ.

ಇನ್ನು ದಾರಿ ಏನು? 2019ರ ಗ್ರಾಹಕರ ಸಂರಕ್ಷಣಾ ಕಾಯ್ದೆಯೇ ಹೇಳುತ್ತದೆ, ಗ್ರಾಹಕ ಸತ್ತರೆ ಅವನ ವಾರಸುದಾರನೇ ಫಿರ್ಯಾದುದಾರ ಎಂದು. ವಿಚಾರಣೆಯ ನಡುವೆ ಫಿರ್ಯಾದುದಾರರು ಸತ್ತರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೇ ಆರ್ಡರಿನಂತೆ ನಡೆಯಬೇಕು ಎಂದು ಅದೇ ಕಾಯ್ದೆಯ 38ನೇ ಸೆಕ್ಷನ್ ಹೇಳುತ್ತದೆ. ಅಂದರೆ ಸತ್ತ ದಿನದಿಂದ 90 ದಿನದೊಳಗೆ ವಾರಸುದಾರರ ಹೆಸರು ಸೇರಿಸಬೇಕೆಂದು ಅರ್ಜಿ ಹಾಕಬೇಕು. ಅದರೊಂದಿಗೇ ಫಿರ್ಯಾದಿನ ತಿದ್ದುಪಡಿಗೆ ಅರ್ಜಿ ಹಾಕಿ, ಸಾವಿನ ಪರಿಹಾರವನ್ನು ಬರೆಸಬೇಕು. ಆ 90 ದಿನ ತಪ್ಪಿದರೆ ಕೇಸು ತಾನಾಗಿಯೇ ಬಿದ್ದುಹೋಗುತ್ತದೆ. ಅದನ್ನು ಎಬ್ಬಿಸಲು ಮತ್ತೆ 60 ದಿನ ಇದೆ. ಅದೂ ತಪ್ಪಿದರೆ ಪ್ರತಿಯೊಂದು ದಿನದ ತಡಕ್ಕೂ ಕಾರಣ ಕೊಡುತ್ತಾ ಬಾಗಿಲು ತಟ್ಟಬೇಕು. ಸಿವಿಲ್ ಕೋರ್ಟಿನಲ್ಲಿ 1855ರ ಕಾಯ್ದೆಯ ಕೆಳಗೆ ದಾವೆ ಹೂಡುವುದಾದರೆ ಸತ್ತ ದಿನದಿಂದ 2 ವರ್ಷದ ಗಡುವು. ಗ್ರಾಹಕರ ಆಯೋಗದಲ್ಲಿಯೂ 2 ವರ್ಷದ್ದೇ ಗಡುವು. ಒಂದೇ ಸಾವಿಗೆ ಆ ಹಳೆಯ ಕಾಯ್ದೆಯ ಕೆಳಗೆ ಒಂದೇ ದಾವೆ. ಆದ್ದರಿಂದ ಯಾರ ಯಾರ ನಷ್ಟ ಎಂಬುದನ್ನು, ಮುದುಕಿ ತಾಯಿಯ ಹೆಸರನ್ನೂ ಬಿಡದೆ, ಮೊದಲೇ ಬರೆಸಬೇಕು.

ಈಗ ಹೇಳಿ, ನಲವತ್ತನೆಯ ದಿನ "ಕೇಸು ಮುಗಿಯಿತು, ಸುಮ್ಮನಿರು" ಎಂದವರು ಯಾರಿಗೆ ಉಪಕಾರ ಮಾಡಿದರು? ಇನ್ನು ಐವತ್ತು ದಿನ ಸುಮ್ಮನಿದ್ದರೆ ಅವರ ಸುಳ್ಳು ನಿಜವಾಗುತ್ತಿತ್ತು! ದುಃಖದಲ್ಲಿರುವವನಿಗೆ ತೊಂಬತ್ತು ದಿನ ಎಂದರೆ ಏನು? ಮಣ್ಣು ಮಾಡಿದ ಸಾಲ ತೀರಿಸುವಷ್ಟರಲ್ಲಿ ಅದು ಕಳೆದುಹೋಗುತ್ತದೆ. ಆ ಕಾಗದ ಯಾವ ಭಾಷೆಯಲ್ಲಿತ್ತು ಗೊತ್ತೇ? ಇಂಗ್ಲಿಷಿನಲ್ಲಿ. ಮನೆಯಲ್ಲಿ ಕನ್ನಡ, ತೋಟದಲ್ಲಿ ತಮಿಳು ಅಥವಾ ಮಲಯಾಳ, ಹೆಬ್ಬೆಟ್ಟು ಒತ್ತಬೇಕಾದದ್ದು ಇಂಗ್ಲಿಷಿಗೆ. ಗಡಿಯಾಚೆಯ ಕನ್ನಡ ಕೂಲಿಕಾರನ ಹಣೆಬರಹ ಇಷ್ಟೇ ಎಂದು ನಾವು ಒಪ್ಪಿಕೊಂಡಿದ್ದೇವೆಯೇ? ನಾನು ಅದನ್ನು ಓದಿಸಿದೆ. ಪೂರ್ತಿ ಹಣ ಸಂದಾಯವಾಯಿತು, ಮುಂದೆ ನಾನಾಗಲಿ ನನ್ನ ಮಕ್ಕಳಾಗಲಿ ಯಾವ ಹಕ್ಕನ್ನೂ ಕೇಳುವುದಿಲ್ಲ ಎಂಬುದೇ ಅದರ ಸಾರ. ಮಕ್ಕಳ ಹಕ್ಕನ್ನೂ ಅದರಲ್ಲಿ ಮಾರಿದ್ದರು. ಚಿಕ್ಕವನಿಗೆ ಒಂಬತ್ತು ವರ್ಷ.

"ಎಸ್ಟೇಟಿನವರು ಪುಕ್ಕಟೆ ಔಷಧ ಕೊಡುತ್ತಾರೆ, ಪುಕ್ಕಟೆ ಕೊಟ್ಟಿದ್ದಕ್ಕೆ ಕೇಸು ಹಾಕಬಹುದೇ?" ಎಂದು ಕೇಳುವವರಿದ್ದಾರೆ. ಪುಕ್ಕಟೆಯೇ? ಚಿಕಿತ್ಸೆಯ ಏರ್ಪಾಡು ದಣಿಗಳ ಕರ್ತವ್ಯ ಎಂದು 1951ರ ತೋಟ ಕಾರ್ಮಿಕರ ಕಾಯ್ದೆ ವಿಧಿಸಿತ್ತು. 2025ರ ನವೆಂಬರ್ 21ರಿಂದ ಅದರ ಜಾಗಕ್ಕೆ ಹೊಸ ಕಾರ್ಮಿಕ ಸಂಹಿತೆ ಬಂದಿದೆ, ಅದರಲ್ಲಿಯೂ ತೋಟದ ಕಾರ್ಮಿಕರ ಆರೋಗ್ಯದ ಏರ್ಪಾಡು ಮಾಲೀಕರ ಹೊಣೆಯೇ. ಅದು ದಾನವಲ್ಲ, ನಮ್ಮ ಬೆವರಿನ ಒಂದು ಪಾಲು. ಸುಪ್ರೀಂ ಕೋರ್ಟು 1995ರಲ್ಲಿ ಇಂಡಿಯನ್ ಮೆಡಿಕಲ್ ಅಸೋಸಿಯೇಶನ್ ಮತ್ತು ವಿ. ಪಿ. ಶಾಂತಾ ಮೊಕದ್ದಮೆಯಲ್ಲಿ ಇದನ್ನೇ ಹೇಳಿತು. ನೌಕರಿಯ ಷರತ್ತಾಗಿ ಮಾಲೀಕನು ನೌಕರನ ಮತ್ತು ಅವನ ಕುಟುಂಬದ ಚಿಕಿತ್ಸೆಯ ಖರ್ಚು ಹೊತ್ತರೆ ಅದು ಪುಕ್ಕಟೆ ಸೇವೆಯಲ್ಲ, ಗ್ರಾಹಕರ ಕಾಯ್ದೆಯೊಳಗೆ ಬರುವ ಸೇವೆ. ಎಲ್ಲರಿಗೂ ಪೂರ್ತಿ ಪುಕ್ಕಟೆಯಾಗಿ ನೋಡುವ ಆಸ್ಪತ್ರೆ ಮಾತ್ರ ಆ ಆಯೋಗದ ಹೊರಗೆ. ಹಾಗೆಂದು ಸರ್ಕಾರಿ ಆಸ್ಪತ್ರೆಗೂ ವಿನಾಯಿತಿ ಇಲ್ಲ. ಅಲ್ಲಿಗೆ ಸಿವಿಲ್ ಕೋರ್ಟು ಇದೆ.

ಸಾಕ್ಷಿ ಬೇಕೇ? 1963ರ ಜುಲೈಯಲ್ಲಿ ಔರಂಗಾಬಾದಿನ ಸರ್ಕಾರಿ ಆಸ್ಪತ್ರೆಯಲ್ಲಿ ಚಂದ್ರಿಕಾಬಾಯಿ ಎಂಬ ತಾಯಿಗೆ ಹೆರಿಗೆಯಾಗಿ ಸಂತಾನಹರಣ ಶಸ್ತ್ರಕ್ರಿಯೆಯಾಯಿತು. ಹೊಟ್ಟೆಯೊಳಗೆ ಬಟ್ಟೆಯನ್ನು ಮರೆತುಬಿಟ್ಟರು. ಎರಡನೆಯ ಸಲ ಹೊಟ್ಟೆ ತೆರೆದು ತೆಗೆದರೂ ಜುಲೈ 24ರಂದು ಆಕೆ ಸತ್ತಳು. ಗಂಡ ಅಚ್ಯುತರಾವ್ ಖೋಡ್ವಾ ಮಕ್ಕಳನ್ನು ಕೂಡಿಕೊಂಡು ದಾವೆ ಹೂಡಿದರು. ಕೆಳಗಿನ ಕೋರ್ಟು 36,000 ರೂಪಾಯಿ ಕೊಡಿಸಿತು, ಹೈಕೋರ್ಟು ಅದನ್ನು ತೆಗೆದುಹಾಕಿತು, 1996ರಲ್ಲಿ ಸುಪ್ರೀಂ ಕೋರ್ಟು ತಿರುಗಿ ಕೊಡಿಸಿತು. ಬಟ್ಟೆ ಬಿಟ್ಟವರು ಯಾರು ಎಂದು ಬೆರಳಿಟ್ಟು ತೋರಿಸಲಾಗದಿದ್ದರೂ ಸರ್ಕಾರವೇ ಹೊಣೆ ಎಂದಿತು. ಮೂವತ್ತಮೂರು ವರ್ಷ! ತಾಯಿ ಸತ್ತಾಗ ತೊಟ್ಟಿಲಲ್ಲಿದ್ದ ಮಗುವಿಗೆ ತೀರ್ಪು ಬರುವಾಗ ಮೂವತ್ತು ದಾಟಿರುತ್ತದೆ. ಇದನ್ನು ಹೇಳಿ ನಿಮ್ಮನ್ನು ಹೆದರಿಸುವವರಿದ್ದಾರೆ. ನಾನು ಹೇಳುವುದು ಬೇರೆ ಕಾರಣಕ್ಕೆ. ಆ ಗಂಡ ಮೂವತ್ತಮೂರು ವರ್ಷ ಬಿಡಲಿಲ್ಲ. ಬಿಡದಿದ್ದುದರಿಂದಲೇ ಆ ತೀರ್ಪು ಇಂದು ಬಡವರ ಕೈಯಲ್ಲಿ ಆಯುಧವಾಗಿದೆ.

ಇನ್ನೊಂದು. ಆಂಧ್ರದ ಮಲೇರಿಯಾ ಇಲಾಖೆಯ ಅಧಿಕಾರಿ ವಿ. ಕಿಶನ್ ರಾವ್ 2002ರಲ್ಲಿ ಚಳಿಜ್ವರವೆಂದು ಹೆಂಡತಿಯನ್ನು ಹೈದರಾಬಾದಿನ ಆಸ್ಪತ್ರೆಗೆ ಸೇರಿಸಿದರು. ಆಕೆಗಿದ್ದದ್ದು ಮಲೇರಿಯಾ, ಅಲ್ಲಿ ಕೊಟ್ಟದ್ದು ಟೈಫಾಯ್ಡಿನ ಔಷಧ. ಆಕೆ ಉಳಿಯಲಿಲ್ಲ. ಜಿಲ್ಲಾ ವೇದಿಕೆ 2 ಲಕ್ಷ ಪರಿಹಾರ ಕೊಡಿಸಿತು. ಮೇಲಿನವರು ತಜ್ಞ ವೈದ್ಯರ ಸಾಕ್ಷಿ ಇಲ್ಲವೆಂದು ಅದನ್ನು ರದ್ದು ಮಾಡಿದರು. 2010ರಲ್ಲಿ ಸುಪ್ರೀಂ ಕೋರ್ಟು, ತಪ್ಪು ಕಣ್ಣಿಗೆ ಕಾಣುವಂತಿರುವಾಗ ಪ್ರತಿಯೊಂದು ಕೇಸಿಗೂ ತಜ್ಞರ ಸಾಕ್ಷಿ ಬೇಕಿಲ್ಲವೆಂದು ಹೇಳಿ ಪರಿಹಾರವನ್ನು ಉಳಿಸಿತು. "ಡಾಕ್ಟರ ವಿರುದ್ಧ ಯಾವ ಡಾಕ್ಟರು ಸಾಕ್ಷಿ ಹೇಳುತ್ತಾರೆ?" ಎಂದು ಕೈಚೆಲ್ಲುವವರು ಇದನ್ನು ನೆನಪಿಡಲಿ.

"ಸಾವಿನ ಪರಿಹಾರ ಸೇರಿಸಿದರೆ ಮೊತ್ತ ಏರುತ್ತದೆ, ಕೇಸು ರಾಜಧಾನಿಗೆ ಹೋಗುತ್ತದೆ, ಫೀಸು ಕಟ್ಟಲಾರೆ" ಎಂಬ ಹೆದರಿಕೆಯೂ ಬೇಡ. ಈಗಿನ ಕಾಯ್ದೆಯಲ್ಲಿ ಯಾವ ಆಯೋಗ ಎಂದು ತೀರ್ಮಾನಿಸುವುದು ನಾವು ಕೇಳುವ ಪರಿಹಾರದಿಂದಲ್ಲ, ಚಿಕಿತ್ಸೆಗೆ ಕೊಟ್ಟ ಹಣದಿಂದ. ಆ ಹಣ 50 ಲಕ್ಷದವರೆಗಿದ್ದರೆ ಜಿಲ್ಲಾ ಆಯೋಗವೇ. 5 ಲಕ್ಷದವರೆಗೆ ಫಿರ್ಯಾದಿಗೆ ಫೀಸೇ ಇಲ್ಲ. ಆಸ್ಪತ್ರೆ ಮೈಸೂರಿನಲ್ಲಿರಲಿ ಕೊಯಮತ್ತೂರಿನಲ್ಲಿರಲಿ, ನಾವು ವಾಸಮಾಡುವ ಜಿಲ್ಲೆಯಲ್ಲೇ ಫಿರ್ಯಾದು ಕೊಡಬಹುದು. ನೀಲಗಿರಿಯವರಿಗೆ ಊಟಿ, ವಯನಾಡಿನವರಿಗೆ ಕಲ್ಪೆಟ್ಟ. ವಕೀಲರನ್ನು ಹಿಡಿಯಲು ಕಾಸಿಲ್ಲವೇ? 1987ರ ಕಾನೂನು ಸೇವೆಗಳ ಕಾಯ್ದೆಯ ಕೆಳಗೆ ಹೆಂಗಸರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಕೈಗಾರಿಕಾ ಕಾರ್ಮಿಕರಿಗೆ ಸರ್ಕಾರದ ಖರ್ಚಿನಲ್ಲೇ ವಕೀಲರು ಸಿಗುತ್ತಾರೆ. ಜಿಲ್ಲಾ ಕೋರ್ಟಿನ ಆವರಣದಲ್ಲಿ ಆ ಕಚೇರಿ ಇದೆ. ನಾವು ಹೋಗುವುದಿಲ್ಲ, ಅಷ್ಟೇ.

ಈಗ ನಮ್ಮ ಹಿರಿಯರ ಮಾತಿಗೆ ಬರುತ್ತೇನೆ. ಅವರ ಭಕ್ತಿಯ ಬಗ್ಗೆ ನನಗೆ ಸಂಶಯವಿಲ್ಲ. ಆದರೆ ದೇವರ ಚಿತ್ತ ಎಂಬ ಮಾತನ್ನು ಬಳಸುವಾಗ ನಾಲಿಗೆ ನಡುಗಬೇಕು. ಕೈತಪ್ಪಿದ ಕತ್ತರಿ ದೇವರ ಚಿತ್ತವೇ? ನೋವೆಂದು ಅತ್ತವಳನ್ನು ನೋಡದೆ ಮನೆಗೆ ಕಳುಹಿಸಿದ್ದು ದೇವರ ಚಿತ್ತವೇ? ಮನುಷ್ಯರ ಅಲಕ್ಷ್ಯಕ್ಕೆ ದೇವರ ಹೆಸರಿಡುವುದು ದೇವದೂಷಣೆಯಲ್ಲವೇ? ಹೇಬೆಲನು ಸತ್ತ ಮೇಲೆ ದೇವರು ಕಾಯಿನನಿಗೆ, ಸತ್ತವನು ಸತ್ತ, ಮುಗಿಯಿತು ಎನ್ನಲಿಲ್ಲ. ತಮ್ಮನೆಲ್ಲಿ ಎಂದು ಕೇಳಿದನು. ನೆಲದೊಳಗಿಂದ ಕೂಗುವ ರಕ್ತಕ್ಕೆ ಕಿವಿಗೊಟ್ಟನು. ಮೊಟ್ಟಮೊದಲನೆಯ ಸಾವಿನ ಫಿರ್ಯಾದನ್ನು ದಾಖಲು ಮಾಡಿಕೊಂಡವನೇ ದೇವರು.

ಸತ್ತವರ ಹೆಸರಿನಲ್ಲಿ ಕೇಳಬಾರದೇ? ಅರಣ್ಯಕಾಂಡದ 27ನೆಯ ಅಧ್ಯಾಯ ತೆರೆಯಿರಿ. ಚಲ್ಪಹಾದನು ಅಡವಿಯಲ್ಲಿ ಸತ್ತನು. ಗಂಡುಮಕ್ಕಳಿಲ್ಲ. ಅವನ ಐದು ಮಂದಿ ಹೆಣ್ಣುಮಕ್ಕಳು ಗುಡಾರದ ಬಾಗಿಲಿಗೆ ಬಂದು, ಮೋಶೆಯ ಮುಂದೆ, ಯಾಜಕನ ಮುಂದೆ, ಸಮೂಹದವರೆಲ್ಲರ ಮುಂದೆ ನಿಂತು ತಂದೆಯ ಪಾಲನ್ನು ಕೇಳಿದರು. ಅಂಥ ಕಾನೂನು ಆಗ ಇರಲಿಲ್ಲ. ಮೋಶೆ ಅವರನ್ನು ಬೈದು ಕಳುಹಿಸಲಿಲ್ಲ. ದೇವರ ಮುಂದೆ ವ್ಯಾಜ್ಯ ಇಟ್ಟನು. ಅವರು ಕೇಳುವುದು ನ್ಯಾಯವೆಂದು ದೇವರೇ ತೀರ್ಪು ಕೊಟ್ಟು, ಅದನ್ನು ಎಲ್ಲರಿಗೂ ಕಟ್ಟಳೆ ಮಾಡಿದನು. ಸಹೋದರಿಯರೇ, ಆ ಐವರು ವಾರಸುದಾರರ ಅರ್ಜಿ ಹಾಕಿದವರು! ನಾವು ಅವರ ವಂಶ.

ಕೊರಿಂಥದವರಿಗೆ ಪೌಲನು ಬರೆದದ್ದನ್ನು ಎತ್ತಿ, ವಿಶ್ವಾಸಿಗಳು ಕೋರ್ಟಿಗೆ ಹೋಗಬಾರದು ಎನ್ನುವವರಿದ್ದಾರೆ. ಪೌಲನು ಆಕ್ಷೇಪಿಸಿದ್ದು ಸಭೆಯೊಳಗಿನ ಅಣ್ಣತಮ್ಮಂದಿರು ಅಲ್ಪ ಕಾರಣಕ್ಕೆ ಒಬ್ಬರನ್ನೊಬ್ಬರು ಕಟ್ಟೆಗೆಳೆಯುವುದನ್ನು. ತನ್ನ ಪ್ರಾಣಕ್ಕೆ ಅನ್ಯಾಯವಾಗುವಾಗ ಅದೇ ಪೌಲನು ಕೈಸರನ ತನಕ ಅಪೀಲು ಹೋದನು. ಮಿಶನ್ ಆಸ್ಪತ್ರೆಯಾದರೆ ಬಿಡಬೇಕೇ? ಬಿಡಬೇಕಾಗಿಲ್ಲ. ಕ್ರಿಸ್ತನ ಹೆಸರಿಟ್ಟುಕೊಂಡ ಆಸ್ಪತ್ರೆಗೆ ಲೆಕ್ಕ ಒಪ್ಪಿಸುವ ಹೊಣೆ ಹೆಚ್ಚು, ಕಡಿಮೆಯಲ್ಲ. ಅನ್ಯಾಯಗಾರನಾದ ನ್ಯಾಯಾಧಿಪತಿಯ ಬಾಗಿಲಿಗೆ ದಿನಾ ಹೋಗಿ ಪೀಡಿಸಿದ ವಿಧವೆಯನ್ನು ನಮ್ಮ ಕರ್ತನು ಬೈದನೇ, ಹೊಗಳಿದನೇ? ಲೂಕನ ಸುವಾರ್ತೆಯಲ್ಲಿ ನೋಡಿಕೊಳ್ಳಿರಿ.

ಆದರೆ ಒಂದು ಮಾತನ್ನು ಮುಚ್ಚಿಡಬಾರದು. ಪ್ರತಿಯೊಂದು ಸಾವೂ ಡಾಕ್ಟರ ತಪ್ಪಲ್ಲ. ಮಳೆಯಲ್ಲಿ, ಕರೆಂಟಿಲ್ಲದ ರಾತ್ರಿಯಲ್ಲಿ, ನಮ್ಮ ಹೆಂಗಸರ ಪ್ರಾಣ ಉಳಿಸಿದ ಡಾಕ್ಟರನ್ನೂ ನರ್ಸಮ್ಮನನ್ನೂ ನಾವು ಬಲ್ಲೆವು. ವಾಡಿಕೆಯ ಕ್ರಮದಂತೆ ಎಚ್ಚರಿಕೆಯಿಂದ ಚಿಕಿತ್ಸೆ ಮಾಡಿಯೂ ರೋಗಿ ಉಳಿಯದಿದ್ದರೆ ಅದು ಅಪರಾಧವಲ್ಲ ಎಂದು 2005ರಲ್ಲಿ ಜೇಕಬ್ ಮ್ಯಾಥ್ಯೂ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಸರಿಯೇ. ಆಸ್ಪತ್ರೆಗೆ ನುಗ್ಗಿ ಗಾಜು ಒಡೆಯುವುದು ನಮ್ಮ ದಾರಿಯಲ್ಲ. ತಪ್ಪಾಗಿದೆಯೇ ಇಲ್ಲವೇ ಎಂಬುದನ್ನು ಕಾಗದ ನೋಡಿ ತೀರ್ಮಾನಿಸಬೇಕು. ಕಾಗದ ನೋಡುವ ಮೊದಲೇ ಬಡವನ ಬಾಯಿ ಮುಚ್ಚಿಸುವುದನ್ನು ಮಾತ್ರ ನಾವು ಒಪ್ಪುವುದಿಲ್ಲ.

ಆದ್ದರಿಂದ ಕಾಗದ ಕಾಯಿರಿ. ಎದುರಿನವರು ಮೊದಲು ಹೇಳುವುದೇ "ಸತ್ತದ್ದು ಸಕ್ಕರೆ ಕಾಯಿಲೆಯಿಂದ, ನಮ್ಮ ಆಪರೇಶನ್ನಿನಿಂದಲ್ಲ" ಎಂದು. ಗಾಯಕ್ಕೂ ಸಾವಿಗೂ ಇರುವ ಕೊಂಡಿಯನ್ನು ನಾವು ತೋರಿಸಬೇಕು. ಕೇಸ್ ಶೀಟನ್ನು ಬರೆದು ಕೇಳಿದರೆ 72 ಗಂಟೆಯೊಳಗೆ ಕೊಡಬೇಕೆಂದು 2002ರ ವೈದ್ಯಕೀಯ ನಡತೆಯ ನಿಯಮಗಳಿವೆ. ಕೇಳಿದ ಕಾಗದದ ನಕಲಿಗೆ ತಾರೀಖಿನ ಸಮೇತ ಸಹಿ ಹಾಕಿಸಿಕೊಳ್ಳಿರಿ. ಸಂಶಯವಿದ್ದರೆ ಮಣ್ಣು ಮಾಡುವ ಮೊದಲು ಪೊಲೀಸ್ ಠಾಣೆಯಲ್ಲಿ ಬರೆದುಕೊಟ್ಟು ಮರಣೋತ್ತರ ಪರೀಕ್ಷೆ ಕೇಳಿರಿ. ದೇಹ ಕೊಯ್ಯುವುದು ಬೇಡವೆಂದು ಅಳುವುದು ಸಹಜ. ಆದರೆ ಆ ದೇಹವೇ ಕಡೆಯ ಸಾಕ್ಷಿ. ಮರಣದ ಸರ್ಟಿಫಿಕೇಟು, ವಾರಸುದಾರರ ಸರ್ಟಿಫಿಕೇಟು, ಕೂಲಿ ಚೀಟಿ, ಔಷಧದ ಬಿಲ್ಲು, ಬಸ್ಸಿನ ಟಿಕೇಟು ಕೂಡ ಒಂದು ಡಬ್ಬಿಯಲ್ಲಿಟ್ಟುಕೊಳ್ಳಿರಿ. ಓದಲಾಗದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿರಿ. ಯಾರೇ ತಂದರೂ, ಪಾಸ್ಟರೇ ತಂದರೂ ಒತ್ತಬೇಡಿರಿ.

ಸಭೆಗಳಿಗೂ ಒಂದು ಮಾತು. ಲೈನಿನಲ್ಲಿ ಸಾವಾದರೆ ನಾವು ಮೂರನೆಯ ದಿನ, ನಲವತ್ತನೆಯ ದಿನ ಲೆಕ್ಕವಿಟ್ಟು ಪ್ರಾರ್ಥನೆ ಮಾಡುತ್ತೇವೆ. ಇನ್ನು ಮೇಲೆ ತೊಂಬತ್ತನೆಯ ದಿನವನ್ನೂ ಸಭೆಯ ಪುಸ್ತಕದಲ್ಲಿ ಬರೆದಿಡೋಣ. ಸತ್ತವರಿಗೆ ನಡೆಯುತ್ತಿರುವ ಕೇಸು ಇತ್ತೇ ಎಂದು ವಿಚಾರಿಸಲು ಒಬ್ಬರನ್ನು ನೇಮಿಸೋಣ. ಊಟಿಗೋ ಕಲ್ಪೆಟ್ಟಕ್ಕೋ ಹೋಗಿ ಬರುವ ಒಂದು ದಿನದ ಕೂಲಿಯನ್ನು ಕಾಣಿಕೆ ಚೀಲದಿಂದ ಕೊಡೋಣ. ಇದು ಸುವಾರ್ತೆಯ ಕೆಲಸವಲ್ಲವೆಂದರೆ, ಸುವಾರ್ತೆಯ ಕೆಲಸ ಯಾವುದು?

ಅಕ್ಕನ ಗಂಡ ಹೆಬ್ಬೆಟ್ಟು ಒತ್ತಲಿಲ್ಲ. ಎಂಬತ್ತೊಂದನೆಯ ದಿನ ಗಂಡ, ಮೂವರು ಮಕ್ಕಳು, ಮುದುಕಿ ತಾಯಿ, ಐದೂ ಹೆಸರಿನಲ್ಲಿ ಅರ್ಜಿ ಬಿತ್ತು. ಸಾವಿನ ಪರಿಹಾರದ ತಿದ್ದುಪಡಿಯೂ ಅದರೊಂದಿಗೆ ಹೋಯಿತು. ತೀರ್ಪು ಏನಾಗುತ್ತದೋ ನಾನು ಹೇಳಲಾರೆ. ಎದುರಿನವರು ತಕರಾರು ಹಾಕಿದ್ದಾರೆ, ವಾಯಿದೆ ಮುಂದೆ ಬಿದ್ದಿದೆ. ಆದರೆ ಮೊನ್ನೆ ಆ ಚಿಕ್ಕ ಹುಡುಗ ಕೂಟಕ್ಕೆ ಬಂದಾಗ ನನ್ನನ್ನು ಕೇಳಿದ: "ಮಾಮಾ, ಅವ್ವನ ಕೇಸು ಇದೆ ಅಲ್ವಾ?"

ಇದೆ ಮಗನೇ. ನಿನ್ನ ಹೆಸರೂ ಅದರಲ್ಲಿದೆ.